ಹೆಲ್ಮೆಟ್ ತೆಗೆಯದ ಗಂಡಸು

ಜುಲೈ 18, ಶುಕ್ರವಾರ. ಬೆಳಿಗ್ಗೆ

ಎರಡು ಸೀನ್ ಮುಗೀತು. ಮೂರನೇದು ನಿಂತಿದೆ. ನಾಯಕಿ ಅಮುದಾಳನ್ನ ಅಡುಗೆಮನೆಯಿಂದ ಹಾಲ್‌ಗೆ ತಂದು ನಿಲ್ಲಿಸಿದೀನಿ. ಅತ್ತೆ ಸೋಫಾದಲ್ಲಿ. ಈಗ ಯಾರಾದ್ರೂ ಏನಾದ್ರೂ ಮಾಡ್ಬೇಕು. ಮಾಡೋಕೆ ಏನು ಉಳಿದಿದೆ? ವಿಷ ಆಯ್ತು. ಆಸ್ತಿ ಪತ್ರ ಆಯ್ತು. ಅವಳಿ-ಜವಳಿ ಆಯ್ತು. ಸತ್ತವನು ಎದ್ದು ಬಂದದ್ದೂ ಆಯ್ತು. ನನ್ನ ಸೀರಿಯಲ್ ಮನೇಲಿ ಇನ್ನು ಭೂಕಂಪ ಒಂದೇ ಬಾಕಿ.

ನಿನ್ನೆ ಡೈರೆಕ್ಟರ್ ಪವುನ್‌ರಾಜ್ ಫೋನು. ರೇಟಿಂಗ್ ಮತ್ತೆ ಇಳಿದಿದೆಯಂತೆ. ಚಾನೆಲ್‌ನೋರು ರಾತ್ರಿ ಎಂಟರಿಂದ ಎತ್ತಿ ಮಧ್ಯಾಹ್ನ ಎರಡೂವರೆಗೆ ಹಾಕ್ತಾರಂತೆ. ಎರಡೂವರೆ ಅಂದ್ರೆ ಸುಡುಗಾಡು. "ಸರ್, ನೀವೇನೂ ಯೋಚ್ನೆ ಮಾಡ್ಬೇಡಿ" ಅಂದ. ಅವನು ಹಾಗಂದ್ರೆ ಯೋಚ್ನೆ ಮಾಡ್ಬೇಕು ಅಂತಲೇ ಅರ್ಥ. ಇಳಂಪರಿದಿ ಅಂತ ಒಬ್ಬ ಹೊಸ ರೈಟರ್ ಆಫೀಸಲ್ಲಿ ಸುಳಿದಾಡ್ತಿದ್ದಾನೆ. ಕೇಳಿದ್ರೆ "ಸುಮ್ನೆ ಕಲಿಯೋಕೆ ಬರ್ತಾನೆ ಸರ್". ನನ್ನ ಕುರ್ಚಿ ಮೇಲೆ ಕೂತು ಕಲೀತಿದ್ದ ಮೊನ್ನೆ.

ಬೆಳಗಿನ ಟ್ರೇನಿಗೆ ಮಧುರೈಯಿಂದ ಮಗಳು ತೇನ್ಮೊಳಿ ಬಂದಳು. ಒಬ್ಬಳೇ. ದೊಡ್ಡ ಸೂಟ್‌ಕೇಸು. ಬ್ಯಾಂಕಿನವರು ಚೆನ್ನೈನಲ್ಲಿ ಟ್ರೈನಿಂಗ್ ಹಾಕಿದ್ದಾರಂತೆ, ಒಂದು ತಿಂಗಳಿಗೂ ಮೇಲೆ. ಯಾವ ಬ್ಯಾಂಕು ಅಷ್ಟು ದಿನ ಟ್ರೈನಿಂಗ್ ಕೊಡುತ್ತೆ? "ಆಡಿ ಮಾಸ ಅಲ್ವಾ, ತವರಿಗೆ ಬಂದೆ ಅಂದ್ಕೊಳ್ಳಿ ಅಪ್ಪ" ಅಂತ ನಕ್ಕಳು. ಆಡಿಗೆ, ಅಂದ್ರೆ ಆಷಾಢಕ್ಕೆ, ತವರಿಗೆ ಬರೋದು ಹೊಸ ಮದುಮಗಳು. ಇವಳಿಗೆ ಮದುವೆಯಾಗಿ ಏಳು ವರ್ಷ.

ಏನೋ ಇದೆ.

ಜುಲೈ 20, ಭಾನುವಾರ. ಸಂಜೆ

ಸಾಲಿಗ್ರಾಮಂ ಮಾರ್ಕೆಟ್ಟಿಗೆ ಸೊಪ್ಪು ತರೋಕೆ ಹೋಗಿದ್ದೆ. ವಾಪಸ್ ಬರ್ತಾ ನೋಡ್ತೀನಿ, ರಸ್ತೆ ಮೂಲೆ ಗಣಪನ ಗುಡಿ, ಪಿಳ್ಳೈಯಾರ್ ಗುಡಿ ಹತ್ರ ಒಂದು ಬೈಕು. ಹಿಂದಿನ ಸೀಟಿಂದ ನನ್ನ ಮಗಳು ಇಳೀತಿದ್ದಾಳೆ! ಓಡಿಸ್ತಿದ್ದವನು ಹಳದಿ ಹೆಲ್ಮೆಟ್. ಒಂದು ನೀಲಿ ಐಸ್ ಬಾಕ್ಸ್ ಅವಳ ಕೈಗೆ ಕೊಟ್ಟ. ಅವಳು ಅವನ ತೋಳು ಹಿಡಿದು ಏನೋ ಹೇಳಿದಳು. ಅವನು ತಲೆ ಆಡಿಸಿದ. ಹೆಲ್ಮೆಟ್ ಮಾತ್ರ ತೆಗೀಲಿಲ್ಲ.

ಇಲೆಕ್ಟ್ರಿಕ್ ಕಂಬದ ಹಿಂದೆ ನಿಂತಿದ್ದೆ, ಸೊಪ್ಪಿನ ಚೀಲ ಹಿಡ್ಕೊಂಡು. ನನ್ನ ಮನೆ ರಸ್ತೇಲಿ ನಾನೇ ಕಳ್ಳನ ಹಾಗೆ.

ಗುಣಶೀಲನ್ ಅಲ್ಲ. ಅಳಿಯ ತೆಳ್ಳಗೆ, ಬಿದಿರು ಕಡ್ಡಿ. ನೋಡಿ ಎರಡು ವರ್ಷವಾಯ್ತು, ಆದ್ರೂ ಮರೆತಿಲ್ಲ. ಇವನಿಗೆ ಹೊಟ್ಟೆ ಇದೆ.

ಮನೇಲಿ ಕೇಳಿದೆ, "ಹೇಗೆ ಬಂದೆಯಮ್ಮ?" "ಆಟೋದಲ್ಲಿ" ಅಂದಳು. ಕಣ್ಣು ಮಿಟುಕಿಸದೆ.

ಜುಲೈ 22

ಫ್ರಿಜ್ಜಲ್ಲಿ ಇಡ್ಲಿ ಹಿಟ್ಟಿನ ಪಾತ್ರೆ ಹಿಂದೆ ಸಣ್ಣ ಸಣ್ಣ ಡಬ್ಬಿ. ಇಂಜೆಕ್ಷನ್ನು. ಮೇಲಿನ ಚೀಟಿ ಯಾರೋ ಕೆರೆದು ತೆಗೆದಿದ್ದಾರೆ. ಉಗುರಿನ ಗುರುತಿದೆ. ಆ ಉಗುರು ನನ್ನ ಹೆಂಡತೀದೇ, ನಂಗೆ ಗೊತ್ತು.

"ಏನಿದು ವಲ್ಲಿ?"

"ಮೊಸರಿಗೆ ಕೈ ಹಾಕ್ಬೇಡಿ. ಹೆಪ್ಪು ಹಾಕಿದೀನಿ."

"ಮೊಸರು ಕೇಳಿಲ್ಲ ನಾನು."

"ಹಾಗಾದ್ರೆ ಬಾಗಿಲು ಹಾಕಿ. ತಣ್ಣಗಿರೋದು ಬಿಸಿಯಾಗುತ್ತೆ."

ಇದು ಉತ್ತರವಾ? ಹೆಂಡತಿಯೂ ಆ ಕಡೆ ಸೇರಿದ್ದಾಳೆ.

ಜುಲೈ 24. ಮಧ್ಯಾಹ್ನ

ನಾನು ಅಡುಗೆಮನೆಗೆ ಕಾಲಿಟ್ಟ ತಕ್ಷಣ ಮಾತು ನಿಲ್ಲುತ್ತೆ. ಇವತ್ತು ವಲ್ಲಿ ಮಿಕ್ಸಿ ಹಾಕಿದಳು, ಒಳಗೆ ಏನೂ ಇಲ್ಲದೆ. ಖಾಲಿ ಜಾರು ಗುರ್ ಅಂತಿದೆ. ತಾಯಿ ಮಗಳು ಇಬ್ಬರೂ ಅದನ್ನೇ ನೋಡ್ತಾ ನಿಂತಿದ್ದಾರೆ, ಚಟ್ನಿ ಆಗ್ತಿದೆ ಅನ್ನೋ ಹಾಗೆ.

ಬಾಗಿಲ ಹಿಂದೆ ನಿಂತು ಎರಡು ತುಂಡು ಕೇಳಿಸ್ಕೊಂಡೆ. "...ಅತ್ತೆಗೆ ಗೊತ್ತಾದ್ರೆ ಮುಗೀತು." ಮತ್ತೆ, "ಅವರು ಬರ್ದೇ ಇದ್ರೆ ಎಲ್ಲಾ ದಂಡ ಅಮ್ಮ."

ಅವರು! ಯಾರು ಅವರು?

ನನ್ನ ಮಗಳು ಗಂಡನ್ನ ಬಿಟ್ಟು ಬಂದಿದ್ದಾಳೆ. ಅಮ್ಮನೇ ಬೆನ್ನಿಗೆ ನಿಂತಿದ್ದಾಳೆ. ಮೈಗೆ ಏನೋ ಬಂದಿದೆ ಬೇರೆ. ನಂಗೆ ಮಾತ್ರ ಹೇಳೋಲ್ಲ. ನೇರ ಕೇಳಬಹುದು. ಕೇಳಿದ್ರೆ ಹೌದು ಅಂದುಬಿಟ್ಟರೆ? ಕೇಳಲಿಲ್ಲ.

ರಾತ್ರಿ ಊಟಕ್ಕೆ ಒಣ ಸುಂಡೆಕಾಯಿ ಹಾಕಿದ ಹುಳಿ, ವತ್ತಲ್ ಕೊಳಂಬು. ನನಗೆ ಇಷ್ಟ ಅಂತ ಮಾಡಿದ್ದಂತೆ. ಅದರ ಮೇಲೂ ಸಂಶಯ ಬಂತು.

ಜುಲೈ 26, ಶನಿವಾರ

ಡಿಸ್ಕಷನ್. ವಳಸರವಾಕ್ಕಂ ಆಫೀಸು. ಪವುನ್‌ರಾಜ್, ಚಾನೆಲ್‌ನ ಹುಡುಗಿ, ಮೂಲೇಲಿ ಇಳಂಪರಿದಿ. ಅವನ ಕೈಯಲ್ಲಿ ಪೆನ್ನಿಲ್ಲ, ಪೇಪರಿಲ್ಲ. ಬರೀ ನೋಡ್ತಾನೆ. ಅಂಥವರನ್ನ ನಂಬಬಾರದು.

"ಸರ್, ಹೊಸ ಟ್ರ್ಯಾಕ್ ಬೇಕು. ಸೋಮವಾರದೊಳಗೆ. ಇಲ್ದಿದ್ರೆ ಎರಡೂವರೆ" ಅಂದಳು ಚಾನೆಲ್ ಹುಡುಗಿ. ನನ್ನ ಮಗಳಿಗಿಂತ ಚಿಕ್ಕವಳು. ನೇಲ್ ಪಾಲಿಶ್ ಒಣಗಿಸ್ತಾ ಹೇಳಿದಳು.

ತಲೆ ಖಾಲಿ. ಎಲ್ಲರೂ ನನ್ನ ಬಾಯಿ ನೋಡ್ತಿದ್ದಾರೆ. ಇಳಂಪರಿದಿ ಗಂಟಲು ಸರಿಮಾಡ್ಕೊಂಡ. ಅಷ್ಟೇ ಸಾಕಾಯ್ತು. ಬಾಯಿ ತೆರೆದೆ.

"ಅಮುದಾ ಟ್ರೈನಿಂಗ್ ಅಂತ ಸುಳ್ಳು ಹೇಳಿ ತವರಿಗೆ ಬರ್ತಾಳೆ. ಮೂಲೆಯಲ್ಲಿ ಅವಳನ್ನ ಇಳಿಸಿ ಹೋಗೋನು ಒಬ್ಬ. ಹೆಲ್ಮೆಟ್ ತೆಗೆಯೋಲ್ಲ. ಫ್ರಿಜ್ಜಲ್ಲಿ ಹಿಟ್ಟಿನ ಪಾತ್ರೆ ಹಿಂದೆ ಇಂಜೆಕ್ಷನ್ನು. ಚೀಟಿ ಕೆರೆದಿದೆ. ಅಪ್ಪ ಬಂದ್ರೆ ಅಮ್ಮ ಖಾಲಿ ಮಿಕ್ಸಿ ಹಾಕ್ತಾಳೆ..."

ಚಾನೆಲ್ ಹುಡುಗಿ ಉಗುರು ಊದೋದು ಬಿಟ್ಟಳು. "ಅವಳಿಗೆ ಬೇರೆ ಸಂಬಂಧವಾ ಸರ್?"

"ಹಾಗೇ ಕಾಣುತ್ತೆ" ಅಂದೆ.

"ಖಾಲಿ ಮಿಕ್ಸಿ!" ಅಂತ ಪವುನ್‌ರಾಜ್ ಮೇಜು ಕುಟ್ಟಿದ. "ಹೇಗೆ ಸರ್ ಹೊಳೆಯುತ್ತೆ ನಿಮಗೆ?"

ಇಳಂಪರಿದಿ ಮುಖ ಸಣ್ಣಗಾಯ್ತು. ಖುಷಿಯಾಯ್ತು, ಸುಳ್ಳು ಯಾಕೆ ಹೇಳಲಿ. ಬಸ್ಸಲ್ಲಿ ಬರೋವಾಗ ಖುಷಿ ಇಳೀತು.

ಜುಲೈ 27, ಭಾನುವಾರ

ಮತ್ತೆ ಬಂದ. ಅದೇ ಹೆಲ್ಮೆಟ್. ಇಂದು ನಾನು ಮೆಡಿಕಲ್ ಶಾಪಿನೊಳಗಿಂದ ನೋಡಿದೆ. ಅಂಗಡಿಯವನು "ಏನು ಬೇಕು ಅಣ್ಣ?" ಅಂತ ಎರಡು ಸಲ ಕೇಳಿದ. ಹಾಜ್‌ಮೋಲಾ ತಗೊಂಡೆ.

ಇನ್ನೇನು ಬೇಕು ಸಾಕ್ಷಿ.

ಜುಲೈ 29

ನಮ್ಮ ಕೆಲಸ ಈಗ ಬಾಣಲೆಯಿಂದ ನೇರ ಎಲೆಗೆ. ಇವತ್ತು ಬರೆದು ಇವತ್ತು ಶೂಟ್ ಮಾಡಿ ನಾಡಿದ್ದು ಟೀವೀಲಿ. ಮುಂಚೆ ಹದಿನೈದು ದಿನದ ಎಪಿಸೋಡ್ ಕೈಯಲ್ಲಿರ್ತಿತ್ತು, ಏನಾದ್ರೂ ತಪ್ಪಾದ್ರೆ ಎತ್ತಿ ಬಿಸಾಕಬಹುದಿತ್ತು.

ಒಂಬತ್ತಕ್ಕೆ ಪವುನ್‌ರಾಜ್. "ಸರ್, ಆರ್ಟ್‌ನೋನು ಕೆಂಪು ಐಸ್ ಬಾಕ್ಸ್ ತಂದಿದ್ದಾನೆ. ಮೀನು ಮಾರೋರದ್ದು. ವಾಸನೆ. ನಿಮ್ಮ ಮನೇಲಿ ಏನಾದ್ರೂ..."

ಯಾವಾಗಲೂ ಹೀಗೇ. ಸೆಟ್ಟಲ್ಲಿರೋ ಅರ್ಧ ಪಾತ್ರೆ ನಮ್ಮ ಮನೇದು. ಅಮುದಾಳ ಅತ್ತೆ ಉಡೋ ಸುಂಗಡಿ ಸೀರೆ ವಲ್ಲೀದು. ನಮ್ಮ ಕುಕ್ಕರ್ರು ನನಗಿಂತ ಹೆಚ್ಚು ಎಪಿಸೋಡಲ್ಲಿದೆ.

ತಾಯಿ ಮಗಳು ಹೊರಗೆ ಹೋಗಿದ್ದರು. ನೀಲಿ ಬಾಕ್ಸು ಫ್ರಿಜ್ಜಿನ ಮೇಲೆ ಖಾಲಿ ಇತ್ತು. ಮುಚ್ಚಳದ ಮೇಲೆ ಹಸಿರು ಗಿಳಿ ಸ್ಟಿಕ್ಕರ್, ಕೊಕ್ಕು ಹರಿದಿದೆ. ತಗೊಂಡು ಹೋದೆ. ಸಂಜೆ ತಂದಿಡೋಣ ಅಂತ. ಸಂಜೆ ಪವುನ್‌ರಾಜ್ ಕೊಡಲಿಲ್ಲ. "ಕಂಟಿನ್ಯುಯಿಟಿ ಸರ್, ಮುಂದಿನ ಸೀನಲ್ಲೂ ಇದೇ ಕಾಣ್ಬೇಕು. ಇನ್ನು ಈ ಬಾಕ್ಸು ಆರ್ಟಿಸ್ಟ್ ಇದ್ದ ಹಾಗೆ."

ಮನೇಲಿ ಅದನ್ನ ಹುಡುಕ್ತಿದ್ದಾರೆ. ನಾನು ಪೇಪರ್ ಓದ್ತಿದೀನಿ.

ಜುಲೈ 31, ಗುರುವಾರ. ರಾತ್ರಿ 9

ಪ್ರಸಾರವಾಯ್ತು. ತೇನ್ಮೊಳಿ ರೂಮಲ್ಲಿದ್ದಳು. ವಲ್ಲಿ ಟೀವಿ ನೋಡೋಲ್ಲ. ತನ್ನ ಹೆಸರು ಬರೋ ಹೊತ್ತಿಗೆ ಎದ್ದು ಹೋಗೋದು ಅವಳ ಅಭ್ಯಾಸ. "ಕಥೆ, ಸಂಭಾಷಣೆ — ಶೆಂಬಗವಲ್ಲಿ" ಅಂತ ಬರುತ್ತಲ್ಲ, ಅದು.

ಬರೆಯೋಕೆ ಶುರು ಮಾಡಿದಾಗ ನಾನು ಪುದುಕ್ಕೋಟ್ಟೈ ಕೃಷಿ ಇಲಾಖೇಲಿ ಗುಮಾಸ್ತ. ಸರ್ಕಾರಿ ನೌಕರ ಕಥೆ ಬರೆದ್ರೆ ಅನುಮತಿ ಕೇಳ್ಬೇಕು. ಹೆಂಡತಿ ಹೆಸರಲ್ಲಿ ಕಳಿಸಿದೆ, ವಾರಪತ್ರಿಕೆಯವರು ಎರಡೇ ವಾರಕ್ಕೆ ಹಾಕಿದರು. ನನ್ನದೇ ಹೆಸರಲ್ಲಿ, ದೈವಸಿಗಾಮಣಿ ಅಂತ ಕಳಿಸಿದ್ದವು ಅದುವರೆಗೆ ಎಲ್ಲಾ ವಾಪಸ್. ಅಲ್ಲಿಂದ ತಿಂಗಳಿಗೊಂದು ಕಾದಂಬರಿ, ಬಸ್‌ಸ್ಟ್ಯಾಂಡ್ ಅಂಗಡೀಲಿ ಬಾಳೆಹಣ್ಣಿನ ಪಕ್ಕ ನೇತು ಹಾಕ್ತಿದ್ದರು. ಒಂದು ಸಲ ಬಹುಮಾನ ಬಂದಾಗ ವಲ್ಲೀನೇ ರೇಷ್ಮೆ ಸೀರೆ ಉಟ್ಟು ವೇದಿಕೆ ಹತ್ತಿದಳು. ಬಾಯಿ ಬಿಡಲಿಲ್ಲ. "ಎಂಥ ವಿನಯ!" ಅಂದರು ಜನ. ಬೀಗಿತಿ ಕಾಂತಿಮತಿಗೂ ಅಷ್ಟೇ. ಮದುವೆ ಮಾತುಕತೇಲೇ ವಲ್ಲಿ ಕೈ ಹಿಡಿದು "ನಿಮ್ಮ ಕಾದಂಬರಿ ಓದಿ ಎಷ್ಟು ಅತ್ತಿದೀನಿ" ಅಂದಳು. ತಿದ್ದಲಿಲ್ಲ ನಾನು. ಒಬ್ಬ ಓದುಗಳು ಸಿಕ್ಕಿದ್ದಾಳೆ, ಯಾಕೆ ಕಳ್ಕೊಳ್ಳೋದು.

ಇವತ್ತಿನ ಎಪಿಸೋಡು ಚೆನ್ನಾಗಿತ್ತು. ಮಿಕ್ಸಿ ಸೀನಿಗೆ ಚಪ್ಪಾಳೆ ಬೀಳುತ್ತೆ.

ಆಗಸ್ಟ್ 1. ಬೆಳಿಗ್ಗೆ 10

ಬರೀಲೇಬೇಕು.

ಬೆಳಿಗ್ಗೆ ವಲ್ಲಿ ಫೋನಿಗೆ ಬೀಗಿತಿ. ಕೈಯೆಲ್ಲ ಹಿಟ್ಟು ಅಂತ ವಲ್ಲಿ ಸ್ಪೀಕರಲ್ಲಿಟ್ಟಳು.

"ಬೀಗ್ರೇ, ನೀವು ದೊಡ್ಡ ರೈಟರ್ರು. ನಿಮ್ಮ ಸೀರಿಯಲ್ಲು ನಾನು ಒಂದು ದಿನ ತಪ್ಪಿಸಿದವಳಲ್ಲ. ಒಂದು ಮಾತು ಹೇಳಿ. ನನ್ನ ಐಸ್ ಬಾಕ್ಸು ಆ ಮಿಂಡನ ಕೈಯಲ್ಲಿ ಏನ್ ಮಾಡ್ತಿದೆ?"

ವಲ್ಲಿ ಕೈ ಹಿಟ್ಟಲ್ಲೇ ನಿಂತಿತು.

"ಯಾವ ಬಾಕ್ಸು?"

"ಗಿಳಿ ಇರೋದು! ಕೊಕ್ಕು ಹರಿದಿದೆ, ಹರಿದವಳು ನಾನೇ. ಎರಡು ವಾರದಿಂದ ಕೆಲಸದವಳನ್ನ ಕಳ್ಳಿ, ಕಳ್ಳಿ ಅಂತ ಬೈತಿದೀನಿ. ನೋಡಿದ್ರೆ ಟೀವೀಲಿದೆ. ನನ್ನ ಮಗ ಶನಿವಾರ ಶನಿವಾರ ಆಡಿಟ್ಟು ಅಂತ ಹೋಗ್ತಾನೆ. ನನ್ನ ಸೊಸೆ ಟ್ರೈನಿಂಗು ಅಂತ ಬಂದಿದ್ದಾಳೆ. ನಿಮ್ಮ ಅಮುದಾನೂ ಟ್ರೈನಿಂಗು! ಇಂಜೆಕ್ಷನ್ನು ಯಾರಿಗೆ? ನಿಮ್ಮ ಬಾಯಲ್ಲೇ ಕೇಳೋಣ ಅಂತ ಫೋನ್ ಮಾಡಿದೆ. ಇಲ್ಲಾಂದ್ರೆ ಅವನನ್ನೇ ಕೇಳ್ತೀನಿ, ಈಗಲೇ, ತಟ್ಟೆ ಮುಂದೆ ಕೂತಿದ್ದಾನೆ."

ಆ ಕಡೆ ತಟ್ಟೆ ಸರಿಸಿದ ಸದ್ದು. ಫೋನ್ ಕಟ್ ಆಯ್ತು.

ತೇನ್ಮೊಳಿ ರೂಮಿನ ಬಾಗಿಲಲ್ಲಿ ನಿಂತಿದ್ದಳು. ಎಷ್ಟು ಹೊತ್ತಿಂದಲೋ.

ಅದೇ ದಿನ. ಮಧ್ಯಾಹ್ನ

ವಲ್ಲಿ ಎಲ್ಲಾ ಹೇಳಿದಳು. ಇಷ್ಟೇ.

ಮಕ್ಕಳಾಗ್ಲಿಲ್ಲ ಅಂತ ಇಬ್ಬರೂ ಪರೀಕ್ಷೆ ಮಾಡಿಸಿದ್ದಾರೆ. ತೊಂದರೆ ಗುಣಶೀಲನ್‌ದು. ತೇನ್ಮೊಳಿದು ಏನೂ ಇಲ್ಲ. ಅವನಿಗೆ ತಾಯಿ ಮುಂದೆ ಬಾಯಿ ಬರಲಿಲ್ಲ. ಏಳು ವರ್ಷ ಬೈಗುಳ ತಿಂದವಳು ಇವಳು. ಬಂಜೆ ಅನ್ನಿಸ್ಕೊಂಡು ನೆಂಟರ ಸೀಮಂತಕ್ಕೆ ಹೋಗಿ ಹಿಂದಿನ ಸಾಲಲ್ಲಿ ಕೂತವಳು ಇವಳು. ಗಂಡನ ಮಾನ ಕಾಯೋಕೆ ತುಟಿ ಹೊಲಿದುಕೊಂಡಿದ್ದಳು. ಟೆಸ್ಟ್‌ಟ್ಯೂಬ್ ಮಗುವಿಗೆ ಇದೊಂದು ಕೊನೇ ಪ್ರಯತ್ನ ಅಂತ, ಮಧುರೈಲಿ ಯಾರಿಗೂ ತಿಳಿಯಬಾರದು ಅಂತ ಇಲ್ಲಿಯ ಆಸ್ಪತ್ರೆಗೆ ಬಂದಿದ್ದಾರೆ. ಔಷಧ ತಣ್ಣಗೆ ತರೋಕೆ ಅವನೇ ಮನೆಯಿಂದ ಬಾಕ್ಸ್ ತಂದದ್ದು. ಗೆಳೆಯನ ಬೈಕು, ಗೆಳೆಯನ ಹೆಲ್ಮೆಟ್ಟು. ಐದನೇ ತಾರೀಖು ಅವನು ಆಸ್ಪತ್ರೇಲಿ ಇರಲೇಬೇಕು. ಬರದಿದ್ರೆ ಇಷ್ಟು ದಿನ ಚುಚ್ಚಿಸ್ಕೊಂಡದ್ದೆಲ್ಲ ದಂಡ.

ಹೆಲ್ಮೆಟ್ ಒಳಗೆ ಇದ್ದವನು ಅವಳ ಗಂಡ! ದಪ್ಪ ಆಗಿದ್ದಾನೆ, ಅಷ್ಟೇ.

"ಬೇರೆ ಯಾರೋ ಅಂದ್ಕೊಂಡೆ" ಅಂದೆ.

ತೇನ್ಮೊಳಿಗೆ ಮೊದಲು ಅರ್ಥವಾಗಲಿಲ್ಲ. ಆಮೇಲೆ ಆಯ್ತು. "ಅವರನ್ನಾ? ಅವರನ್ನ ಮಿಂಡ ಅಂತ..." ಜೋರಾಗಿ ನಕ್ಕಳು. ನಗ್ತಾ ನಗ್ತಾ ಗೋಡೆಗೆ ಒರಗಿ ಕೂತುಬಿಟ್ಟಳು. ಅದು ನಗು ಅಲ್ಲ ಅಂತ ತಿಳಿಯೋಕೆ ನನಗೆ ಸ್ವಲ್ಪ ಹೊತ್ತು ಬೇಕಾಯ್ತು.

"ನನಗೆ ಯಾಕೆ ಹೇಳಲಿಲ್ಲ?"

"ಹೇಳಿದ್ರೆ ಯಾವ ವಾರ ಬರ್ತಿತ್ತು ಅಪ್ಪ?"

ಅವಳೇ ಮುಂದುವರಿಸಿದಳು.

"ಹನ್ನೆರಡನೇ ಕ್ಲಾಸಲ್ಲಿ ಫೇಲಾಗಿ ಬಾತ್‌ರೂಮಲ್ಲಿ ನಲ್ಲಿ ಬಿಟ್ಕೊಂಡು ಅತ್ತಿದ್ದೆ. ಬುಧವಾರ ಟೀವೀಲಿ ಬಂತು, ನಲ್ಲಿ ಸಮೇತ. ಕ್ಲಾಸಲ್ಲಿ ಎಲ್ಲರೂ ನಲ್ಲಿ, ನಲ್ಲಿ ಅಂತ ಕರೀತಿದ್ರು. ಹೇಳ್ಲಿಲ್ಲ ನಿಮಗೆ. ಅದನ್ನೂ ಬರೀತೀರಿ ಅಂತ."

ವಲ್ಲಿ ಕೈ ತೊಳೆದು ಬಂದಳು. ಸೆರಗಿಗೆ ಒರೆಸ್ಕೊಂಡಳು. "ಬರೆಯೋದು ಬಿಡಿ ಅನ್ನೋಲ್ಲ ನಾನು. ನನ್ನ ಹೆಸರು ಬಿಡಿ. ಮಗಳ ಮನೆ ಮಾತು ಬೀದಿಗಿಟ್ಟ ತಾಯಿ ಅಂತ ಆ ಹೆಂಗಸು ಇವತ್ತು ತರಾಟೆಗೆ ತಗೊಂಡದ್ದು ನನ್ನನ್ನ. ನಾನು ಒಂದು ಅಕ್ಷರ ಬರೆದವಳಲ್ಲ."

ಆಗಸ್ಟ್ 2

ಗುಣಶೀಲನ್ ಫೋನ್ ಆಫ್.

ಆಗಸ್ಟ್ 3, ಭಾನುವಾರ

ಆಫ್.

ಇವತ್ತು ಅವನು ಬರೋ ದಿನ. ಪಿಳ್ಳೈಯಾರ್ ಗುಡಿ ಹತ್ರ ಹೋಗಿ ನಿಂತೆ. ಇಂದು ಕಂಬದ ಹಿಂದೆ ಅಲ್ಲ, ಮುಂದೆ. ಹಳದಿ ಹೆಲ್ಮೆಟ್ ಕಂಡಾಗೆಲ್ಲ ಎರಡು ಹೆಜ್ಜೆ ಮುಂದೆ ಹೋಗ್ತಿದ್ದೆ. ಚೆನ್ನೈನಲ್ಲಿ ಎಷ್ಟು ಹಳದಿ ಹೆಲ್ಮೆಟ್ಟು!

ಮಧುರೈಗೆ ಹೋಗಿ ಕಾಲಿಗೆ ಬೀಳ್ತೀನಿ ಅಂದೆ. ವಲ್ಲಿ, "ಎಲ್ಲಿಗೂ ಹೋಗ್ಬೇಡಿ. ನೀವು ಹೋದ್ರೆ ಅದೂ ಒಂದು ಸೀನಾಗುತ್ತೆ."

ತೇನ್ಮೊಳಿ ತಾನೇ ಇಂಜೆಕ್ಷನ್ ಹಾಕ್ಕೊಂಡಳು. ಬಾಗಿಲು ತೆರೆದೇ ಇತ್ತು. ಇನ್ನು ಮುಚ್ಚಿ ಏನು.

ಆಗಸ್ಟ್ 4, ಸೋಮವಾರ. ಸಂಜೆ 6

ನಾಲ್ಕು ಗಂಟೆಗೆ ಆಟೋ ನಿಂತಿತು. ಮೊದಲು ಇಳಿದದ್ದು ಕಾಂತಿಮತಿ. ಹಿಂದೆ ಗುಣಶೀಲನ್, ತಲೆ ತಗ್ಗಿಸಿ. ಹೌದು, ಹೊಟ್ಟೆ ಬಂದಿದೆ.

ಕಾಂತಿಮತಿ ಚಪ್ಪಲಿ ಬಿಟ್ಟಳು. ನೀರು ಕೊಟ್ಟರೆ ಕುಡೀಲಿಲ್ಲ. "ಬಾಕ್ಸ್ ಎಲ್ಲಿ?"

"ಸೆಟ್ಟಲ್ಲಿದೆ" ಅಂದೆ.

"ನಿಮ್ಮನ್ನ ಕೇಳ್ಲಿಲ್ಲ ಬೀಗ್ರೇ. ಬರೆದೋರನ್ನ ಕೇಳ್ದೆ."

"ಬರೆಯೋದು ಇವರು" ಅಂದಳು ವಲ್ಲಿ.

ಅರ್ಥವಾಗೋಕೆ ಸ್ವಲ್ಪ ಹಿಡೀತು ಆಕೆಗೆ. ನನ್ನನ್ನ ಮೇಲಿಂದ ಕೆಳಗೆ ನೋಡಿದಳು. ಬನಿಯನ್ನು, ಲುಂಗಿ, ಕಿವಿಯ ಕೂದಲು, ಎಲ್ಲಾ.

"ಕಾದಂಬರೀನೂ?"

"ಅದೂ."

"ಅಯ್ಯೋ ನನ್ನ ಕರ್ಮವೇ! ಇಷ್ಟು ವರ್ಷ ಒಬ್ಬ ಹೆಂಗಸು ನನ್ನ ಕಷ್ಟ ಬರೀತಿದ್ದಾಳೆ ಅಂತ ಅತ್ತಿದ್ದು ಈ ಗಡವನಿಗಾ?"

ನಾನು ಶರ್ಟು ಹಾಕ್ಕೊಂಡು ಸೆಟ್ಟಿಗೆ ಓಡಿದೆ. ಪವುನ್‌ರಾಜ್ ಕೊಡೋಲ್ಲ ಅಂದ. ಶಾಟ್ ನಡುವೆ ನುಗ್ಗಿ ಅಮುದಾಳ ಕೈಯಿಂದ ಕಿತ್ಕೊಂಡು ಬಂದೆ. ಬೆಂಗಳೂರಿನ ಹುಡುಗಿ ಆಕೆ, ತಮಿಳು ಅರ್ಧಂಬರ್ಧ. ಇದೂ ಸೀನಲ್ಲಿದೆ ಅಂದ್ಕೊಂಡು ಅಳೋಕೆ ಶುರು ಮಾಡಿದಳು.

ವಾಪಸ್ ಬಂದಾಗ ಕಾಂತಿಮತಿ ಮಂಚದ ಮೇಲೆ ತೇನ್ಮೊಳಿ ಪಕ್ಕ ಕೂತಿದ್ದಳು. ಕೈಯಲ್ಲಿ ಹಾಲಿನ ಲೋಟ. "ಬೈದದ್ದು ಬೈದೆ. ಗೊತ್ತಿದ್ರೆ ಬೈತಿದ್ನಾ? ಈ ಮುಠ್ಠಾಳ ಮೊನ್ನೆವರೆಗೂ ಬಾಯಿ ಬಿಡ್ಲಿಲ್ಲ. ಈಗ ಕುಡಿ." ಮುಠ್ಠಾಳ ಕಿಟಕಿ ಹತ್ರ ನಿಂತು ಹೊರಗೆ ನೋಡ್ತಿದ್ದ. ಬಾಕ್ಸ್ ಕೊಟ್ಟೆ. ಆಕೆ ಗಿಳಿಯ ಹರಿದ ಕೊಕ್ಕನ್ನ ಬೆರಳಲ್ಲಿ ಒತ್ತಿ ಅಂಟಿಸೋಕೆ ನೋಡಿದಳು.

ನಾಳೆ ಆಸ್ಪತ್ರೆ. ನನ್ನನ್ನ ಕರೀಲಿಲ್ಲ. ಕೇಳಲೂ ಇಲ್ಲ ನಾನು.

ಆಗಸ್ಟ್ 7, ಗುರುವಾರ

ರೇಟಿಂಗ್ ಬಂತು. ಎರಡು ವರ್ಷದಲ್ಲಿ ಇಷ್ಟು ಬಂದಿಲ್ಲ. ಪವುನ್‌ರಾಜ್ ಬಾಕ್ಸಿನ ಜಗಳ ಮರೆತೇಬಿಟ್ಟಿದ್ದಾನೆ.

"ಸರ್! ತರಕಾರಿ ಅಂಗಡೀಲೂ ಅದೇ ಮಾತು. ಹೆಲ್ಮೆಟ್ ಒಳಗೆ ಯಾರು? ಚಾನೆಲ್‌ನೋರು ಇನ್ನು ಎರಡು ವರ್ಷ ನಿಮ್ಮನ್ನ ಅಲ್ಲಾಡಿಸೋಲ್ಲ. ನಾಳೆ ಡಿಸ್ಕಷನ್ನಲ್ಲಿ ಹೇಳಿಬಿಡಿ. ನನಗೆ ಮಾತ್ರ ಈಗಲೇ ಹೇಳಿ. ಯಾರು ಸರ್ ಅವನು?"

ಯಾರು ಅಂತ ಗೊತ್ತು. ಇಷ್ಟು ವರ್ಷ ಬರೆದೆ, ಇಂಥ ತಿರುವು ನನ್ನ ತಲೆಗೆ ಬಂದಿಲ್ಲ. ಎಲ್ಲರೂ ಮಿಂಡ ಅಂತ ಉಗೀತಿರೋವಾಗ ಹೆಲ್ಮೆಟ್ ತೆಗೀತಾನೆ. ಅವಳ ಗಂಡನೇ. ಅವನ ಮಾನ ಕಾಯೋಕೆ ಅವಳು ಬೈಗುಳ ತಿಂದದ್ದು. ಮನೆ ಮನೇಲಿ ಅಳ್ತಾರೆ. ನನಗೇ ಈಗ ಮೈ ಜುಂ ಅಂತಿದೆ. ಸಂಭಾಷಣೆ ತಾನಾಗೇ ಬರ್ತಿದೆ, ಮೊದಲ ಸಾಲು ಇಲ್ಲೇ ಬರೆದು... ಹೊಡೆದು ಹಾಕಿದೆ.

ಛೀ ನನ್ನ ಜನ್ಮಕ್ಕೆ.

ಆಗಸ್ಟ್ 8. ಮಧ್ಯಾಹ್ನ 3

"ಅಣ್ಣ" ಅಂದೆ. "ಕುಂಭಾಭಿಷೇಕದ ನೂಕುನುಗ್ಗಲಲ್ಲಿ ಕಳೆದುಹೋದ ಅಣ್ಣ."

ಪವುನ್‌ರಾಜ್ ಪೆನ್ನು ಕೆಳಗಿಟ್ಟ.

"ಕಳೆದುಹೋದ ಅಣ್ಣನಾ ಸರ್?" ಅಂದಳು ಚಾನೆಲ್ ಹುಡುಗಿ. "ಇದು ನಮ್ಮಜ್ಜಿ ಕಾಲದ್ದಲ್ವಾ?"

ಆಗ ಮೂಲೆಯಿಂದ ಇಳಂಪರಿದಿ. ಇಷ್ಟು ದಿನದಲ್ಲಿ ಮೊದಲನೇ ಸಲ ಬಾಯಿ ಬಿಟ್ಟ. "ಸರ್... ಅವಳ ಗಂಡನೇ ಆಗಿದ್ರೆ?"

ಇವನಿಗೆ ಯಾರು ಹೇಳಿದರು? ಮೆಡಿಕಲ್ ಶಾಪಿನವನಾ? ಯಾರೂ ಹೇಳಿಲ್ಲ. ಬುದ್ಧಿ ಇದೆ, ಹೊಳೆದಿದೆ. ಚಾನೆಲ್ ಹುಡುಗಿ ನೆಟ್ಟಗೆ ಕೂತಳು. ಪವುನ್‌ರಾಜ್ ಮೇಜಿನ ಕಡೆ ಕೈ ಎತ್ತಿದ. ಅದು ಕೆಳಗೆ ಬೀಳೋದರೊಳಗೆ ನಾನು ಕೂಗಾಡಿದೆ. ಗಂಡ ಹೆಂಡತೀನ ಕದ್ದು ನೋಡ್ತಾನಾ, ತಲೆ ಕೆಟ್ಟಿದೆಯಾ, ಹೆಂಗಸರು ಟೀವಿ ಒಡೀತಾರೆ, ನಾನು ಬರೆಯೋಕೆ ಶುರು ಮಾಡಿದಾಗ ನೀನು ಚಡ್ಡಿ ಹಾಕ್ತಿರಲಿಲ್ಲ. ಬಾಯಿಗೆ ಬಂದದ್ದೆಲ್ಲ. ಎಲ್ಲರೂ ಬೆಪ್ಪಾಗಿ ನೋಡ್ತಿದ್ರು.

ಟೀ ಬ್ರೇಕಲ್ಲಿ ಅವನನ್ನ ಮೆಟ್ಟಿಲ ಹತ್ರ ಹಿಡಿದೆ.

"ನನ್ನ ಕುರ್ಚಿ ಬೇಕಾ?"

"ಸರ್, ನಾನು ಹಾಗೆ..."

"ಬೇಕು ನಿನಗೆ. ತಗೋ. ಸೋಮವಾರದಿಂದ ನೀನೇ ಬರಿ. ಪವುನ್‌ರಾಜಿಗೆ ನಾನೇ ಹೇಳ್ತೀನಿ. ಒಂದೇ ಒಂದು ಮಾತು. ಅವನು ಅಣ್ಣ. ಗಂಡ ಅಲ್ಲ. ಯಾವತ್ತೂ ಅಲ್ಲ."

"ಆದ್ರೆ ಗಂಡ ಅನ್ನೋದು ಚೆನ್ನಾಗಿದೆ ಸರ್. ನಿಮಗೂ ಗೊತ್ತು. ಯಾಕೆ ಬೇಡ?"

"ಕೇಳ್ಬೇಡ. ಹೇಳಿದ್ರೆ ನೀನೂ ಬರೀತೀಯ."

ನನ್ನ ಮುಖವನ್ನೇ ನೋಡಿದ. ಟೀ ಲೋಟ ಕೆಳಗಿಟ್ಟು ಕೈ ಮುಂದೆ ಮಾಡಿದ. ಕುಲುಕಿದೆ. ಮಾತು ಉಳಿಸ್ಕೊಳ್ತಾನೋ ಇಲ್ಲವೋ. ಪ್ರತಿ ರಾತ್ರಿ ಎಂಟಕ್ಕೆ ನೋಡ್ತೀನಿ.

ಆಗಸ್ಟ್ 11

ಬೆಳಿಗ್ಗೆ ಪವುನ್‌ರಾಜ್ ಫೋನು. "ಸರ್, ನೀವು ಹೋಗೋದಾದ್ರೆ ಹೋಗಿ. ಹೆಸರು ಮಾತ್ರ ಇರ್ಲಿ. ಶೆಂಬಗವಲ್ಲಿ ಅಂದ್ರೇನೆ ಜನಕ್ಕೆ ನಂಬಿಕೆ. ಆ ಹುಡುಗ ಅದೇ ಹೆಸರಲ್ಲಿ ಬರೀಲಿ."

ವಲ್ಲಿ ನನ್ನ ಕೈಯಿಂದ ಫೋನ್ ತಗೊಂಡಳು. "ನಾನು ಶೆಂಬಗವಲ್ಲಿ ಮಾತಾಡ್ತಿರೋದು."

"ಯಾರು?" ಅಂದ ಆ ಕಡೆಯಿಂದ. ಅಷ್ಟು ವರ್ಷ ಆ ಹೆಸರು ಹಾಕಿದವನು ಆ ದನಿ ಕೇಳಿಯೇ ಇಲ್ಲ.

"ನಮ್ಮಮ್ಮ ಹರಕೆ ಹೊತ್ತು ಇಟ್ಟ ಹೆಸರದು. ಒಬ್ಬ ಗಂಡಸಿಗೆ ಕೊಟ್ಟಿದ್ದೇ ಸಾಕಾಗಿದೆ. ಇನ್ನೊಬ್ಬನಿಗೆ ಬೇರೆ ಕೊಡ್ಬೇಕಾ? ಆಮೇಲೆ ನನ್ನ ಸುಂಗಡಿ ಸೀರೆ, ಕುಕ್ಕರ್ರು, ಎಲ್ಲಾ ಕಳಿಸಿ."

ಆರ್ಟಿಸ್ಟ್ ಬದಲಾದ್ರೆ ನಮ್ಮಲ್ಲಿ ಶಾಟ್ ನಿಲ್ಲಿಸಿ ಕಾರ್ಡ್ ಹಾಕ್ತಾರೆ, ಇವರ ಬದಲು ಇನ್ನು ಇವರು ಅಂತ. ರೈಟರಿಗೆ ಅದೂ ಇಲ್ಲ. ಇವತ್ತಿನ ಎಪಿಸೋಡಲ್ಲಿ ಹೆಸರಿಲ್ಲ. ವಲ್ಲಿ ಮೊದಲನೇ ಸಲ ಟೈಟಲ್ ಪೂರ್ತಿ ಕೂತು ನೋಡಿದಳು.

ಆಗಸ್ಟ್ 16

ಹುಡುಗ ಅಣ್ಣ ಅಂತಲೇ ಮಾಡಿದ್ದಾನೆ. ಕುಂಭಾಭಿಷೇಕವೂ ಇದೆ. ಜನ ಬೈತಿದ್ದಾರಂತೆ. ಪಾಪ.

ಆಸ್ಪತ್ರೇಲಿ ಎಲ್ಲಾ ಮುಗಿದಿದೆ. ಇನ್ನು ಕಾಯೋದು. ಗುಣಶೀಲನ್ ರಜಾ ಹಾಕಿ ಇಲ್ಲೇ ಇದ್ದಾನೆ, ಹೆಲ್ಮೆಟ್ ಇಲ್ಲದೆ. ಕಾಂತಿಮತಿ ದಿನಾ ಫೋನ್ ಮಾಡಿ ವಲ್ಲಿ ಹತ್ರ ಮಾತಾಡ್ತಾಳೆ. ನಾನು ಎತ್ತಿದ್ರೆ "ಆ ಗಡವನಾ? ಹೆಂಗಸರಿಗೆ ಕೊಡು" ಅಂತಾಳೆ. ಅಡುಗೆಮನೆ ಮಾತು ಈಗಲೂ ನಿಲ್ಲುತ್ತೆ ನಾನು ಹೋದ್ರೆ. ಮಿಕ್ಸಿ ಹಾಕೋಲ್ಲ, ಅಷ್ಟು ಮಾತ್ರ.

ಆಗಸ್ಟ್ 24, ಭಾನುವಾರ. ಬೆಳಿಗ್ಗೆ 11

ಇವತ್ತು ರಿಸಲ್ಟು. ಗಂಡ ಹೆಂಡತಿ ಇಬ್ಬರೂ ಬೆಳಿಗ್ಗೇನೇ ಹೋಗಿದ್ದರು. ವಲ್ಲಿ ಗುಡಿಗೆ. ನಾನು ಒಬ್ಬನೇ ಸೊಪ್ಪು ಬಿಡಿಸ್ತಾ ಕೂತಿದ್ದೆ. ಬರೆಯೋಕೆ ಏನೂ ಇಲ್ಲದ ಬೆಳಿಗ್ಗೆ ಎಷ್ಟು ಉದ್ದ.

ಗೇಟಿನ ಸದ್ದು. ಗುಣಶೀಲನ್ ಹೊರಗೇ ನಿಂತ, ತಾಯಿಗೆ ಫೋನ್ ಮಾಡೋಕೆ. ತೇನ್ಮೊಳಿ ಒಳಗೆ ಬಂದಳು. ಅಮ್ಮ ಎಲ್ಲಿ ಅಂತ ಕೇಳ್ತಾಳೆ ಅಂದ್ಕೊಂಡೆ. ಕೇಳಲಿಲ್ಲ. ನನ್ನ ಎದುರು ನೆಲದ ಮೇಲೆ ಕೂತಳು. ಒಂದು ಕಟ್ಟು ಸೊಪ್ಪು ಎತ್ಕೊಂಡಳು.

"ಅಪ್ಪ, ನಿಮಗೇ ಮೊದಲು ಹೇಳ್ತಿದೀನಿ" ಅಂದಳು.

ಹೇಳಿದಳು. ನನಗೇ, ಮೊದಲು.

ಅವಳು ಹೇಳಿದ್ದು ಏನಂದ್ರೆ... ಇಲ್ಲ, ಇದನ್ನ ಬರೆಯೋಲ್ಲ.